ಕೇಳಿ, ಹೇಳ್ತೀನಿ: ತೊರ್ಮಿಸ್ ಬಗ್ಗೆ ಬಂದ ಪತ್ರಗಳು

ಹೋದ ತಿಂಗಳು ಓದುಗರೊಬ್ಬರು "ಕೇಳಿ ನಿಮಗೆ ಭಯವಾದ ಹಾಡು ಯಾವುದು?" ಎಂದು ಕೇಳಿದ್ದರು. "ಎಸ್ಟೋನಿಯಾದ ವೆಲ್ಯೊ ತೊರ್ಮಿಸ್ ಅವರ 'ಕಬ್ಬಿಣಕ್ಕೆ ಶಾಪ'" ಎಂದು ಒಂದೇ ಸಾಲಿನಲ್ಲಿ ಉತ್ತರ ಬರೆದು ಮುಂದೆ ಹೋಗಿದ್ದೆ. ಈ ಸಲ ಬಂದ ಪತ್ರಗಳಲ್ಲಿ ಜಾಸ್ತಿ ಪಾಲು ಆ ಒಂದು ಸಾಲಿನ ಬಗ್ಗೆಯೇ. ಹಾಗಾಗಿ ಈ ತಿಂಗಳ ಪುಟವೆಲ್ಲ ಆ ಹಾಡು ಕಟ್ಟಿದ ತೊರ್ಮಿಸ್ ಅವರಿಗೇ.

ಮೊದಲೇ ಹೇಳಿಬಿಡುತ್ತೇನೆ, ನಾನು ಸಂಗೀತ ವಿದ್ವಾಂಸಳಲ್ಲ. ಮೈಸೂರಿನ ಒಂದು ಚರ್ಚಿನ ಕ್ವಾಯರ್‌ನಲ್ಲಿ, ಅಂದರೆ ಹಲವರು ಕೂಡಿ ಹಾಡುವ ತಂಡದಲ್ಲಿ, 22 ವರ್ಷ ಆಲ್ಟೊ ಹಾಡಿದವಳು. ಆಲ್ಟೊ ಅಂದರೆ ಹೆಂಗಸರ ಕೆಳಗಿನ ದನಿ. ರಾಗವೆಲ್ಲ ಮೇಲಿನ ದನಿಯವರ ಪಾಲು. ನಮ್ಮದು ಒಂದೇ ಸ್ವರ ಹಿಡಿದುಕೊಂಡು ಕಂಬದ ಹಾಗೆ ನಿಲ್ಲುವ ಕೆಲಸ. ತೊರ್ಮಿಸ್ ನನಗೆ ಇಷ್ಟವಾಗಲು ಅದೂ ಒಂದು ಕಾರಣ. ಅವರ ಹಾಡಿನಲ್ಲಿ ಕಂಬಕ್ಕೂ ಮರ್ಯಾದೆ ಇದೆ.

ಹಾಸನದಿಂದ: ಹುಡುಕಿದರೆ ಬರೀ ಹಾಡುಗಳ ಪಟ್ಟಿ ಸಿಗುತ್ತೆ. ಈ ಮನುಷ್ಯ ಯಾರು, ಹೇಳಿ.

ಎಸ್ಟೋನಿಯಾ ಇರುವುದು ಬಾಲ್ಟಿಕ್ ಸಮುದ್ರದ ದಂಡೆಯಲ್ಲಿ, ಫಿನ್ಲೆಂಡಿನ ಎದುರಿಗೆ. ಇಡೀ ದೇಶದ ಜನ ಸುಮಾರು 13 ಲಕ್ಷ. ನಿಮ್ಮ ಹಾಸನ ಜಿಲ್ಲೆಯಲ್ಲೇ ಅದಕ್ಕಿಂತ ಜಾಸ್ತಿ ಜನ ಇದ್ದಾರೆ. ಅಲ್ಲಿನ ಕೂಸಲು ಎಂಬ ಕಡೆ 1930ರ ಆಗಸ್ಟ್ 7ರಂದು ತೊರ್ಮಿಸ್ ಹುಟ್ಟಿದರು. ಅಪ್ಪ ವಿಗಲ ಎಂಬ ಊರಿನ ಚರ್ಚಿನಲ್ಲಿ ಆರ್ಗನ್ ನುಡಿಸುತ್ತಿದ್ದರು, ಕ್ವಾಯರ್ ನಡೆಸುತ್ತಿದ್ದರು. ಹುಡುಗನ ಕಿವಿಗೆ ಬಿದ್ದದ್ದು ಇವೆರಡೇ, ಆರ್ಗನ್ನಿನ ಮೊರೆತ ಮತ್ತು ಊರವರ ಹಾಡು. ದೊಡ್ಡವರಾದ ಮೇಲೆ ಬರೆದ ಹಾಡುಗಳಲ್ಲೂ ಆ ಮೊರೆತ ಇದೆ. ಕೆಳಗೊಂದು ಸ್ವರ ಅಲುಗಾಡದೆ ನಿಂತಿರುತ್ತೆ, ಮೇಲೆ ದನಿಗಳು ಪದರ ಪದರವಾಗಿ ಕೂರುತ್ತವೆ.

ಓದಿದ್ದು ಮೊದಲು ರಾಜಧಾನಿ ಟಾಲಿನ್‌ನಲ್ಲಿ, ಆಮೇಲೆ 1951ರಿಂದ 1956ರವರೆಗೆ ಮಾಸ್ಕೋದಲ್ಲಿ. ಅಲ್ಲಿನ ಗುರು ವಿಸ್ಸಾರಿಯೋನ್ ಶೆಬಾಲಿನ್. ಈ ಶೆಬಾಲಿನ್ ಏಟು ತಿಂದವರು. 1948ರಲ್ಲಿ ಸೋವಿಯತ್ ಕಮ್ಯುನಿಸ್ಟ್ ಪಕ್ಷದ ಕೋಪಕ್ಕೆ ಸಿಕ್ಕಿ ಮಾಸ್ಕೋ ಕನ್ಸರ್ವೇಟರಿಯ, ಅಂದರೆ ಸಂಗೀತ ವಿದ್ಯಾಲಯದ, ಮುಖ್ಯಸ್ಥರ ಕುರ್ಚಿ ಕಳೆದುಕೊಂಡಿದ್ದರು. ನಿನ್ನ ಊರಿನ ಹಾಡನ್ನು ಬಿಡಬೇಡ ಎಂದು ಶಿಷ್ಯನಿಗೆ ಹುರಿದುಂಬಿಸಿದವರು ಅವರೇ. ಊರಿಗೆ ವಾಪಸಾದ ತೊರ್ಮಿಸ್ ಸ್ವಲ್ಪ ಕಾಲ ಪಾಠ ಹೇಳಿದರು, ಸ್ವಲ್ಪ ಕಾಲ ಸಂಗೀತ ರಚನೆಕಾರರ ಸಂಘದಲ್ಲಿ ಕೆಲಸ ಮಾಡಿದರು. 1969ರಿಂದ ಬರೀ ಹಾಡು ಕಟ್ಟುವುದು. ಐನೂರಕ್ಕೂ ಹೆಚ್ಚು ಕ್ವಾಯರ್ ಹಾಡುಗಳು, ಹೆಚ್ಚಿನವು ವಾದ್ಯವಿಲ್ಲದವು. 2000ದಲ್ಲಿ, 70 ವರ್ಷಕ್ಕೆ, ಇನ್ನು ಸಾಕು ಎಂದು ನಿಲ್ಲಿಸಿದರು. 2017ರ ಜನವರಿ 21ರಂದು ಟಾಲಿನ್‌ನಲ್ಲಿ ತೀರಿಕೊಂಡರು.

ಬೆಂಗಳೂರಿನಿಂದ: ಆರ್ವೊ ಪ್ಯಾರ್ಟ್ ಗೊತ್ತು, ಇವರು ಗೊತ್ತಿಲ್ಲ. ಇಬ್ಬರಿಗೂ ಏನಾದರೂ ಸಂಬಂಧ?

ಪ್ಯಾರ್ಟ್ ಕೂಡ ಎಸ್ಟೋನಿಯಾದ ಸಂಗೀತ ರಚನೆಕಾರರು. ಅವರು ಟಾಲಿನ್‌ನ ಸಂಗೀತ ಶಾಲೆಯಲ್ಲಿ ವಿದ್ಯಾರ್ಥಿಯಾಗಿದ್ದಾಗ ಅವರಿಗೆ ಪಾಠ ಹೇಳಿದ ಮೇಷ್ಟ್ರು ಇವರು. ಶಿಷ್ಯ ಪ್ರಪಂಚಕ್ಕೆಲ್ಲ ಗೊತ್ತು, ಗುರು ಕ್ವಾಯರ್‌ನವರಿಗೆ ಮಾತ್ರ ಗೊತ್ತು. ಇದು ನಮ್ಮಲ್ಲೂ ನಡೆಯುವುದೇ, ಅಲ್ವಾ?

ಶಿರಸಿಯಿಂದ: ಜನಪದ ಹಾಡಿಗೆ ನಾಲ್ಕು ದನಿ ಕೂಡಿಸಿ ವೇದಿಕೆ ಹತ್ತಿಸಿದರೆ ಹಾಡು ಕೆಡುವುದಿಲ್ಲವೇ? ನಮ್ಮಲ್ಲಿ ಅದನ್ನು ಬೇಕಾದಷ್ಟು ನೋಡಿದ್ದೇವೆ.

ನಿಮ್ಮ ಸಿಟ್ಟು ನನಗೆ ಅರ್ಥವಾಗುತ್ತೆ. ಕೀಬೋರ್ಡ್ ಹಾಕಿ, ನಡುವೆ ಕೊಳಲು ತುರುಕಿ, ಬೀಸುವ ಪದವನ್ನು ಮದುವೆ ಆರ್ಕೆಸ್ಟ್ರಾ ಮಾಡಿದ್ದನ್ನು ನಾನೂ ಕೇಳಿದ್ದೇನೆ. ತೊರ್ಮಿಸ್ ಮಾಡಿದ್ದು ಅದಲ್ಲ. ಆದರೆ ಏನು ಅಲ್ಲ ಎಂದು ಹೇಳಬೇಕಾದರೆ ಮೊದಲು ಅವರ ಊರಿನ ಹಾಡು ಎಂಥದ್ದು ಎಂದು ಹೇಳಬೇಕು.

ಅದರ ಹೆಸರು ರೆಗಿಲೌಲ್. ಕ್ರೈಸ್ತ ಧರ್ಮ ಆ ನಾಡಿಗೆ ಬರುವ ಮುಂಚಿನದು. ಒಂದು ಸಾಲಿಗೆ ಸಾಮಾನ್ಯವಾಗಿ ಎಂಟು ಅಕ್ಷರ. ರಾಗ ಮೂರು, ನಾಲ್ಕು, ಹೆಚ್ಚೆಂದರೆ ಐದು ಸ್ವರದ್ದು. ನಮ್ಮ ಪದ್ಯದಲ್ಲಿ ಎರಡನೇ ಅಕ್ಷರಕ್ಕೆ ಪ್ರಾಸ ಹುಡುಕುತ್ತೇವಲ್ಲ, ಅವರು ಮಾತಿನ ಮೊದಲ ಸದ್ದಿಗೆ ಹುಡುಕುತ್ತಾರೆ. ಒಂದು ಸಾಲಿನಲ್ಲಿ ಹೇಳಿದ್ದನ್ನೇ ಮುಂದಿನ ಸಾಲಿನಲ್ಲಿ ಬೇರೆ ಮಾತಿನಲ್ಲಿ ಹೇಳುತ್ತಾರೆ. ಒಬ್ಬಳು ಎತ್ತಿಕೊಡುತ್ತಾಳೆ, ಉಳಿದವರು ಅದನ್ನೇ ತಿರುಗಿ ಹೇಳುತ್ತಾರೆ. ನಮ್ಮ ಸೋದರತ್ತೆ ಮದುವೆ ಮನೆಗಳಲ್ಲಿ ಸೋಬಾನೆ ಹೇಳುತ್ತಿದ್ದರು. ಅವರು ಸೊಲ್ಲು ಎತ್ತಿದರೆ ಉಳಿದ ಹೆಂಗಸರು ಹಿಡಿಯುತ್ತಿದ್ದರು. ಹೆಚ್ಚೂಕಡಿಮೆ ಹಾಗೇ.

19ನೇ ಶತಮಾನದಲ್ಲಿ ಹೊಸ ಬಗೆಯ ಹಾಡುಗಳು ಬಂದವು. ಎಸ್ಟೋನಿಯಾದ ಹೆಚ್ಚಿನ ಹಳ್ಳಿಗಳಲ್ಲಿ ರೆಗಿಲೌಲ್ ಬಾಯಿಂದ ಜಾರಿಹೋಯಿತು. ಪುಣ್ಯಕ್ಕೆ ಯಾಕೋಬ್ ಹುರ್ಟ್ ಎಂಬ ಪಾದ್ರಿ 1888ರಲ್ಲಿ "ನಿಮ್ಮ ಅಜ್ಜಿಯರ ಹಾಡನ್ನು ಬರೆದು ಕಳಿಸಿ" ಎಂಬ ಅರ್ಥದ ಕರೆ ಕೊಟ್ಟಿದ್ದರು. ಕಾಗದದ ರಾಶಿಯೇ ಬಂತು. ಅದೆಲ್ಲ ತಾರ್ತು ಊರಿನ ಭಂಡಾರದಲ್ಲಿದೆ. ಆದರೆ ಕಾಗದದ ಮೇಲಿನ ಹಾಡು ಹಾಡಲ್ಲವಲ್ಲ.

1958ರಲ್ಲಿ ತೊರ್ಮಿಸ್ ಕಿಹ್ನು ಎಂಬ ಪುಟ್ಟ ದ್ವೀಪಕ್ಕೆ ಹೋದರು. ಅಲ್ಲಿ ಗಂಡಸರು ಸಮುದ್ರಕ್ಕೆ ಹೋಗುವವರು, ದಡದಲ್ಲಿ ಹೆಂಗಸರದ್ದೇ ಕಾರುಬಾರು. ಅಂಚಂಚಾಗಿ ಬಣ್ಣದ ಗೆರೆ ಇರುವ ಲಂಗ, ಇವತ್ತಿಗೂ ಅದೇ. ತೊರ್ಮಿಸ್ ಅಲ್ಲೊಂದು ಮದುವೆ ನೋಡಿದರು. ಹಾಡದೆ ಆ ಮದುವೆಯ ಯಾವ ಕೆಲಸವೂ ನಡೆಯುವುದಿಲ್ಲ. ಹೆಣ್ಣನ್ನು ಕರೆತರುವುದಕ್ಕೆ ಹಾಡು, ಬೀಗರನ್ನು ಗೇಲಿ ಮಾಡುವುದಕ್ಕೆ ಹಾಡು. ಮಾಸ್ಕೋದಲ್ಲಿ ಐದು ವರ್ಷ ಕಲಿತು ಬಂದವರು ಕಿಹ್ನುವಿನ ಹೆಂಗಸರ ಮುಂದೆ ಮತ್ತೆ ವಿದ್ಯಾರ್ಥಿಯಾದರು ಎಂದು ನಾನು ಊಹಿಸಿಕೊಳ್ಳುತ್ತೇನೆ. ಮರುವರ್ಷ 'ಕಿಹ್ನು ಮದುವೆ ಹಾಡುಗಳು' ಬರೆದರು.

ಅಲ್ಲಿಂದ ಅವರ ದಾರಿ ಬೇರೆಯಾಯಿತು. ರಾಗವನ್ನು ತಿದ್ದುವುದಿಲ್ಲ, ಬೆಳೆಸುವುದಿಲ್ಲ, ಅಲಂಕಾರ ಮಾಡುವುದಿಲ್ಲ. ಮೂರು ಸ್ವರದ ರಾಗ ಕೊನೆವರೆಗೂ ಮೂರು ಸ್ವರದ್ದೇ. ಬದಲಾಗುವುದು ಸುತ್ತಲಿನ ಗಾಳಿ. ಒಂದು ಸುತ್ತಿನಲ್ಲಿ ಒಂಟಿ ದನಿ. ಇನ್ನೊಂದರಲ್ಲಿ ಕೆಳಗೆ ಶ್ರುತಿ ಕೂರುತ್ತೆ. ಮತ್ತೊಂದರಲ್ಲಿ ಎಲ್ಲ ದನಿಗಳೂ ಅದೇ ರಾಗವನ್ನು ಬೇರೆ ಬೇರೆ ಎತ್ತರದಲ್ಲಿ ಜೊತೆಜೊತೆಗೇ ಹೇಳುತ್ತವೆ. 1966-67ರಲ್ಲಿ ಬರೆದ 'ಎಸ್ಟೋನಿಯಾದ ಕ್ಯಾಲೆಂಡರ್ ಹಾಡುಗಳು' ಕೇಳಿ. ಚಳಿಗಾಲದಲ್ಲಿ ವೇಷ ಹಾಕಿಕೊಂಡು ಮನೆಮನೆಗೆ ಹೋಗುವ ಹಾಡು, ವಸಂತದ ಉಯ್ಯಾಲೆ ಹಾಡು, ನಡುಬೇಸಿಗೆಯಲ್ಲಿ ಬೆಂಕಿ ಹಾಕಿ ಕುಣಿಯುವ ಹಾಡು, ಎಲ್ಲ ಇವೆ. ಉಯ್ಯಾಲೆ ಹಾಡು ಕೇಳುವಾಗ ನನಗೆ ನಿಜವಾಗಿ ಹೊಟ್ಟೆಯಲ್ಲಿ ಒಂಥರಾ ಆಗುತ್ತೆ, ಜೀಕಿ ವಾಪಸು ಬರುವಾಗ ಆಗುತ್ತಲ್ಲ, ಹಾಗೆ.

ನಾನು ಜನಪದವನ್ನು ಬಳಸುವುದಿಲ್ಲ, ಜನಪದವೇ ನನ್ನನ್ನು ಬಳಸಿಕೊಳ್ಳುತ್ತೆ ಎಂಬ ಅರ್ಥದ ಮಾತು ಅವರದ್ದು. ದೊಡ್ಡವರು ವಿನಯಕ್ಕೆ ಹಾಗೆಲ್ಲ ಹೇಳುತ್ತಾರೆ ಎಂದು ಮೊದಲು ನಾನು ನಂಬಲಿಲ್ಲ. ಅವರ ಸ್ವರಲಿಪಿ ಕೈಗೆ ಬಂದ ಮೇಲೆ ನಂಬಿದೆ. ಪುಟಗಟ್ಟಲೆ ತಿರುಗಿಸಿದೆ. ನಾನು ಬರೆದಿದ್ದು ನೋಡಿ ಎಂದು ಮೆರೆಯುವ ಒಂದು ಜಾಗವೂ ಕಣ್ಣಿಗೆ ಬೀಳಲಿಲ್ಲ.

ಸಂಡೂರಿನಿಂದ: ನಾನು ಅದಿರಿನ ಗಣಿಯಲ್ಲಿ ಕೆಲಸ ಮಾಡಿದವನು. ಕಬ್ಬಿಣಕ್ಕೆ ಯಾಕೆ ಶಾಪ ಹಾಕಿದರು, ಮೇಡಂ? ಅದೇನು ಮಾಡಿತ್ತು?

ಈ ತಿಂಗಳ ಒಳ್ಳೆಯ ಪ್ರಶ್ನೆ ನಿಮ್ಮದೇ ಅಣ್ಣಾ.

ಫಿನ್ನಿಷ್ ಜನರ ಕಾವ್ಯ 'ಕಲೆವಾಲ'ದ ಒಂಬತ್ತನೇ ಹಾಡಿನಲ್ಲಿ ಒಂದು ಕತೆ ಇದೆ. ಮುದುಕ ವೈನಮೋಯಿನೆನ್‌ನ ಮಂಡಿಗೆ ಕೊಡಲಿ ತಾಗಿ ರಕ್ತ ನಿಲ್ಲುತ್ತಿಲ್ಲ. ನಿಲ್ಲಿಸಬೇಕಾದರೆ ಕಬ್ಬಿಣ ಹುಟ್ಟಿದ್ದು ಹೇಗೆ ಎಂದು ಗೊತ್ತಿರಬೇಕು. ಹುಟ್ಟು ಗೊತ್ತಾದರೆ ಅದರ ಮೇಲೆ ಹಿಡಿತ ಸಿಗುತ್ತೆ. ಮೈಮೇಲೆ ಬಂದದ್ದನ್ನು ಬಿಡಿಸುವವರು ಮೊದಲು "ನೀನು ಯಾರು, ಎಲ್ಲಿಂದ ಬಂದೆ?" ಎಂದು ಕೇಳುತ್ತಾರಲ್ಲ, ಅದೇ ಲೆಕ್ಕ. ಕತೆಯ ಪ್ರಕಾರ ಮೂವರು ಕನ್ಯೆಯರ ಎದೆಹಾಲು ನೆಲಕ್ಕೆ ಬಿತ್ತು. ಕಪ್ಪು ಹಾಲಿನಿಂದ ಮೆತ್ತನೆಯ ಕಬ್ಬಿಣ, ಬಿಳಿಯದರಿಂದ ಉಕ್ಕು, ಕೆಂಪಿನಿಂದ ಪಟ್ಟನೆ ಮುರಿಯುವ ಕಬ್ಬಿಣ. ಯಾರನ್ನೂ ನೋಯಿಸುವುದಿಲ್ಲ ಎಂದು ಅದು ಆಣೆಯನ್ನೂ ಮಾಡಿತ್ತು. ಆದರೆ ಕಮ್ಮಾರ ಅದನ್ನು ಅದ್ದುವ ನೀರಿಗೆ ಜೇನು ಬೀಳುವ ಬದಲು ವಿಷ ಬಿತ್ತು. ಕಬ್ಬಿಣ ಕೆಟ್ಟಿತು.

ತೊರ್ಮಿಸ್ 1972ರಲ್ಲಿ ಈ ಕತೆಯನ್ನು ಎತ್ತಿಕೊಂಡರು. ಕ್ವಾಯರ್, ಇಬ್ಬರು ಗಂಡಸರ ಒಂಟಿ ದನಿ, ಮತ್ತು ಒಂದು ಮಾಂತ್ರಿಕರ ಚರ್ಮದ ಡೋಲು, ಅಷ್ಟೇ. ಹತ್ತು ನಿಮಿಷದ ಹಾಡು. "ರೌದಾ ರೈಸ್ಕಾ", ಅಂದರೆ ಹಾಳು ಕಬ್ಬಿಣವೇ, ಎಂದು ಬೈಗುಳ ಶುರುವಾಗುತ್ತೆ. ಮಾಂಸ ತಿನ್ನುವವನೇ, ಎಲುಬು ಕಡಿಯುವವನೇ, ತಪ್ಪಿಲ್ಲದವರ ರಕ್ತ ಚೆಲ್ಲುವವನೇ, ನಿನ್ನ ಹುಟ್ಟು ನನಗೆ ಗೊತ್ತು! ಪಕ್ಕಪಕ್ಕದ ಸ್ವರಗಳು ಒಂದಕ್ಕೊಂದು ತಿಕ್ಕಾಡುತ್ತವೆ, ಅರದಿಂದ ಉಜ್ಜಿದ ಹಾಗೆ. ಡೋಲು ಬಿಡುವುದೇ ಇಲ್ಲ. ಕೊನೆಗೆ ಹಳೆಯ ಕತೆ ಥಟ್ಟನೆ ಹೊಸ ಕಾಲಕ್ಕೆ ನೆಗೆಯುತ್ತೆ. ಫಿರಂಗಿ, ವಿಮಾನ, ಟ್ಯಾಂಕ್ ಎಂದು ಹೆಸರು ಕೂಗುತ್ತಾರೆ. ಆ ಮಾತುಗಳು ಕಲೆವಾಲದ್ದಲ್ಲ, ಆ ಕಾಲದ ಎಸ್ಟೋನಿಯನ್ ಕವಿಗಳದ್ದು. ಸೋವಿಯತ್ ಟ್ಯಾಂಕುಗಳು ಇದ್ದ ನೆಲದಲ್ಲೇ ನಿಂತು ಇದನ್ನು ಬರೆದರು ಎಂಬುದು ನೆನಪಿರಲಿ.

ನಿಮ್ಮ ಪ್ರಶ್ನೆಗೆ ನೇರ ಉತ್ತರ ಹಾಡಿನೊಳಗೇ ಇದೆ. ನೀನೂ ಮಣ್ಣಿನಿಂದ ಬಂದವನು, ನಾನೂ ಮಣ್ಣಿನಿಂದ ಬಂದವನು ಎಂದು ಮನುಷ್ಯ ಕಬ್ಬಿಣಕ್ಕೆ ಹೇಳುತ್ತಾನೆ. ಬೈದದ್ದು ಶತ್ರುವನ್ನಲ್ಲ, ದಾರಿ ತಪ್ಪಿದ ಒಡಹುಟ್ಟಿದವನನ್ನು. ಕೆಂಪು ಧೂಳಿನಲ್ಲಿ ಕೆಲಸ ಮಾಡಿದ ನಿಮಗೆ ಇದನ್ನು ನಾನು ಬಿಡಿಸಿ ಹೇಳಬೇಕಾಗಿಲ್ಲ.

ಧಾರವಾಡದಿಂದ: ಎಸ್ಟೋನಿಯಾ ಹಾಡಿಯೇ ಸ್ವಾತಂತ್ರ್ಯ ಪಡೆಯಿತು ಅಂತಾರೆ. ಅದರಲ್ಲಿ ಇವರ ಪಾಲೆಷ್ಟು?

ಎಸ್ಟೋನಿಯನ್ನರ ಹಾಡುಹಬ್ಬ 1869ರಲ್ಲಿ ತಾರ್ತುವಿನಲ್ಲಿ ಶುರುವಾದದ್ದು, ಈಗ ಐದು ವರ್ಷಕ್ಕೊಮ್ಮೆ ಟಾಲಿನ್‌ನಲ್ಲಿ ನಡೆಯುತ್ತೆ. 1988ರ ಸೆಪ್ಟೆಂಬರಿನಲ್ಲಿ ಆ ಹಬ್ಬದ ಬಯಲಿನಲ್ಲಿ ಸುಮಾರು ಮೂರು ಲಕ್ಷ ಜನ ಸೇರಿದ್ದರು. 1991ರ ಆಗಸ್ಟ್ 20ರಂದು ದೇಶ ಸೋವಿಯತ್ ಒಕ್ಕೂಟದಿಂದ ಬಿಡಿಸಿಕೊಂಡು ಮತ್ತೆ ಸ್ವತಂತ್ರವಾಯಿತು. ಜನರ ಬಾಯಲ್ಲಿ ನಿಂತ ಹಾಡು ಅಂದರೆ ಗುಸ್ತಾವ್ ಎರ್ನೆಸಾಕ್ಸ್ ಅವರು ಕಟ್ಟಿದ ತಾಯ್ನಾಡಿನ ಪ್ರೀತಿಯ ಹಾಡು. ತೊರ್ಮಿಸ್ ಘೋಷಣೆಯ ಹಾಡು ಬರೆದವರಲ್ಲ. ಸೋವಿಯತ್ ಬಿರುದುಗಳನ್ನೂ ತೆಗೆದುಕೊಂಡವರೇ. ಆದರೆ ಕ್ವಾಯರ್‌ಗಳ ಬಾಯಿಗೆ ರಷ್ಯನ್ನರದ್ದೂ ಅಲ್ಲದ, ಜರ್ಮನ್ನರದ್ದೂ ಅಲ್ಲದ ರಾಗ ಕೊಟ್ಟವರು ಅವರು. ಪಾಲೆಷ್ಟು ಎಂದು ತಕ್ಕಡಿಯಲ್ಲಿ ತೂಗಲು ನನ್ನಿಂದಾಗದು.

ಮಡಿಕೇರಿಯಿಂದ: ನಮ್ಮ ಕೊಡವ ತಕ್ಕ್‌ನಂಥ ಸಣ್ಣ ಭಾಷೆಗಳ ಬಗ್ಗೆ ಅವರು ಏನಾದರೂ ಮಾಡಿದ್ದಾರಾ?

ಮಾಡಿದ್ದಾರೆ. ಅವರ ದೊಡ್ಡ ಕೆಲಸವೇ ಅದು ಎನ್ನುತ್ತೇನೆ, ಕಬ್ಬಿಣದ ಹಾಡಿಗಿಂತಲೂ ದೊಡ್ಡದು. ಹೆಸರು 'ಮರೆತುಹೋದ ಜನ'. 1970ರಿಂದ 1989ರವರೆಗೆ, ಸುಮಾರು ಇಪ್ಪತ್ತು ವರ್ಷ, ಆರು ಗೊಂಚಲು. ಲಿವೋನಿಯನ್, ವೋಟಿಕ್, ಇಝೋರಿಯನ್, ಇಂಗ್ರಿಯನ್, ವೆಪ್ಸ್, ಕರೇಲಿಯನ್. ಎಲ್ಲ ಎಸ್ಟೋನಿಯನ್ ಭಾಷೆಯ ದಾಯಾದಿಗಳು, ಒಂದೊಂದೇ ಆರುತ್ತಿದ್ದ ದೀಪಗಳು. ತೊರ್ಮಿಸ್ ಅವನ್ನು ಅನುವಾದ ಮಾಡಿಸಲಿಲ್ಲ, ಆಯಾ ಭಾಷೆಯಲ್ಲೇ ಬರೆದರು. ಹಾಡುವವರು ಕಷ್ಟಪಟ್ಟು ಕಲಿಯಲಿ ಎಂದು.

ಲಿವೋನಿಯನ್ ಗೊಂಚಲಿನ ಮೊದಲ ಹಾಡು ವಸಂತದಲ್ಲಿ ಹಕ್ಕಿಗಳನ್ನು ಎಬ್ಬಿಸುವ ಹಾಡು. "ಚಿಚೋರ್‌ಲಿಂಕಿ" ಎಂದು ಹಕ್ಕಿಯನ್ನು ಕರೆಯುತ್ತಾರೆ. ಲಿವೋನಿಯನ್ನನ್ನು ತಾಯಿಮಾತಾಗಿ ಆಡುತ್ತಿದ್ದ ಕೊನೆಯ ಅಜ್ಜಿ 2013ರಲ್ಲಿ ಕೆನಡಾದಲ್ಲಿ ತೀರಿಕೊಂಡರು. ಹಾಡನ್ನು ಮಾತ್ರ ಇವತ್ತಿಗೂ ಬೇರೆ ಬೇರೆ ದೇಶದ ಕ್ವಾಯರ್‌ಗಳು ಹಾಡುತ್ತಿವೆ. ಇದರಿಂದ ಭಾಷೆ ಉಳಿಯಿತು ಎನ್ನಲು ನನಗೆ ಬಾಯಿ ಬರುವುದಿಲ್ಲ. ಹಾಡಿನಲ್ಲಿ "ಸಕ್ಕರೆ ಎಷ್ಟು ಹಾಕಲಿ?" ಎಂದು ಕೇಳಲಾಗುವುದಿಲ್ಲವಲ್ಲ. ಕೊಡವ ತಕ್ಕನ್ನು ನೀವು ಮೊದಲು ಅಡುಗೆಮನೆಯಲ್ಲಿ ಆಡಿ. ವೇದಿಕೆ ಆಮೇಲೆ.

ಕುಂದಾಪುರದಿಂದ: ಎಸ್ಟೋನಿಯನ್ ಭಾಷೆ ಕಿವಿಗೆ ಹೇಗಿರುತ್ತೆ?

ಎಳೆದು ಎಳೆದು ಇರುತ್ತೆ. ಮೇಷ್ಟ್ರು ನಮಗೆ ಹ್ರಸ್ವ, ದೀರ್ಘ, ಪ್ಲುತ ಎಂದು ಮೂರು ಕಲಿಸಿದ್ದರು. ನಾವು ಪ್ಲುತವನ್ನು ದೂರದವರನ್ನು ಕೂಗುವುದಕ್ಕೆ ಇಟ್ಟುಕೊಂಡಿದ್ದೇವೆ. ಅವರು ದಿನದ ಮಾತಿನಲ್ಲೇ ಮೂರೂ ಬಳಸುತ್ತಾರೆ. 'ಸದ' ಅಂದರೆ ನೂರು. 'ಸಾದ' ಅಂದರೆ ಕಳಿಸು. ಅದನ್ನೇ ಇನ್ನೂ ಎಳೆದರೆ ಪಡೆಯುವುದು. ಲೇವಾದೇವಿ ಮಾಡುವಾಗ ಹುಷಾರಾಗಿರಬೇಕು!

ಸಾಗರದ ಒಬ್ಬ ಶಿಕ್ಷಕಿ: ಎಲ್ಲಿಂದ ಕೇಳಲು ಶುರು ಮಾಡಲಿ? ನಮ್ಮ ಮಕ್ಕಳ ಕೈಲಿ ಹಾಡಿಸಬಹುದಾ, ಅಕ್ಕಾ?

ಕೇಳುವುದಕ್ಕೆ 'ಶರತ್ಕಾಲದ ನೋಟಗಳು' ಸಾಕು, 1964ರದ್ದು. ಏಳು ಪುಟ್ಟ ಹಾಡು. ಕವಿತೆ ಬರೆದ ವೀವಿ ಲೂಯಿಕ್ ಹುಟ್ಟಿದ್ದು 1946ರಲ್ಲಿ, ಆಗಿನ್ನೂ ಎಳೆ ಹುಡುಗಿ. ಇದು ಜನಪದವಲ್ಲ, ಹಾಗಾಗಿ ಮೆತ್ತಗಿದೆ. ಕಬ್ಬಿಣದ ಹಾಡನ್ನು ರಾತ್ರಿ ಒಬ್ಬರೇ ಹೆಡ್‌ಫೋನ್ ಹಾಕಿಕೊಂಡು ಕೇಳಬೇಡಿ.

ಮಕ್ಕಳಿಗೆ ತೊರ್ಮಿಸ್ ಹಾಡು ಈಗಲೇ ಬೇಡ, ಹಾಡುವ ರೀತಿ ಮಾತ್ರ ಕಲಿಸಿ. ನಿಮ್ಮೂರಿನದೇ ಒಂದು ಪದ ತೆಗೆದುಕೊಳ್ಳಿ. ಒಂದು ಮಗು ಸಾಲು ಎತ್ತಲಿ. ಅದು ಮುಗಿಯುವವರೆಗೆ ಉಳಿದವರು ಕಾಯಬಾರದು. ಕೊನೆಯ ಎರಡು ಅಕ್ಷರಕ್ಕೆ ಬಂದು ಕೂಡಿಕೊಂಡು, ಸಾಲನ್ನು ಪೂರ್ತಿ ತಿರುಗಿ ಹೇಳಬೇಕು. ಅವರ ಕೊನೆಯ ಎರಡು ಅಕ್ಷರಕ್ಕೆ ಆ ಮಗು ಮತ್ತೆ ಕೂಡಿಕೊಂಡು ಮುಂದಿನ ಸಾಲಿಗೆ ಹೋಗಬೇಕು. ನಡುವೆ ಎಲ್ಲೂ ಸಂದು ಬಿಡಬಾರದು. ರೆಗಿಲೌಲ್ ನಡೆಯುವುದೇ ಹೀಗೆ.

ನಾನು ಇದನ್ನು ನಮ್ಮಕ್ಕ ಮತ್ತು ಅವಳ ಇಬ್ಬರು ಮಕ್ಕಳ ಜೊತೆ ಅವರ ಅಡುಗೆಮನೆಯಲ್ಲೇ ಪ್ರಯತ್ನಿಸಿದೆ. ಮೊದಲ ಸಲ ಮೂರನೇ ಸಾಲಿಗೇ ನನಗೆ ಉಸಿರು ಸಾಲಲಿಲ್ಲ. ಎರಡನೇ ಸಲ ಹದ ಸಿಕ್ಕಿತು. ಆದರೆ ಎಲ್ಲಿ ನಿಲ್ಲಿಸಬೇಕು ಎಂದು ಯಾರಿಗೂ ತಿಳಿಯಲಿಲ್ಲ. ಸಾಲುಗಳೆಲ್ಲ ಮುಗಿದು ಮತ್ತೆ ಮೊದಲಿನಿಂದ ಶುರುವಾಯಿತು. ಕುಕ್ಕರ್ ಇಳಿಸಲು ಅಕ್ಕ ಎದ್ದಾಗಲೇ ನಿಂತದ್ದು.