ಗಳಿಗೆ ಬಟ್ಟಲಿಗೆ ಯಾರು ಜವಾಬ್ದಾರರು?

ಪ್ರಿಯ ಲೇಖಕರೇ,

ನಿಮ್ಮ ‘ಗಳಿಗೆ ಬಟ್ಟಲು’ ಕಥೆಯನ್ನು ಎರಡು ಸಲ ಓದಿದೆವು. ಈಗಿರುವ ರೂಪದಲ್ಲಿ ಪ್ರಕಟಿಸಲಾಗದು. ಆದರೆ ‘ವಿಷಾದದಿಂದ ಹಿಂದಿರುಗಿಸಿದೆ’ ಎಂಬ ಒಂದು ಸಾಲು ಬರೆದು ಮುಗಿಸಲು ಮನಸ್ಸು ಬರಲಿಲ್ಲ. ಯಮಲೋಕದ ಆಯುಷ್ಯ ಶಾಖೆಯಲ್ಲಿ ಪ್ರತಿ ಕಡತಕ್ಕೂ ತಳದಲ್ಲಿ ಸಣ್ಣ ತೂತಿರುವ ಒಂದು ತಾಮ್ರದ ಬಟ್ಟಲು, ಅದು ನೀರಲ್ಲಿ ಮುಳುಗುವುದರೊಳಗೆ ಕಡತ ವಿಲೇವಾರಿ ಆಗಬೇಕು, ಆಗದಿದ್ದರೆ ಗುಮಾಸ್ತನ ಆಯುಸ್ಸಿನಲ್ಲೇ ಒಂದು ಗಳಿಗೆ ಕಡಿತ. ಕಲ್ಪನೆ ಗಟ್ಟಿಯಾಗಿದೆ. ಕಥೆ ಮಾತ್ರ ಅದರ ಮೇಲೆ ನಿಂತಿಲ್ಲ.

ಮೊದಲ ಎರಡೂವರೆ ಪುಟ ತೆಗೆದುಬಿಡಿ. ಕಾಲವೆಂಬ ಮಹಾಪ್ರವಾಹ, ಅನಂತದ ಅಲೆ, ಇವೆಲ್ಲ ಯಾವ ಕಥೆಗಾದರೂ ಅಂಟಿಸಬಹುದಾದ ಸಾಲುಗಳು. ನಿಮ್ಮ ಕಥೆ ಶುರುವಾಗುವುದು ಮೂರನೇ ಪುಟದ ನಡುವೆ: ‘ಜವಾನ ಬಟ್ಟಲಿನ ತೂತಿಗೆ ಮೇಣ ಮೆತ್ತಿ, ಏನೂ ಆಗದವನಂತೆ ಕಿಟಕಿಯ ಹೊರಗೆ ನೋಡಿದ.’ ಇಡೀ ಹಸ್ತಪ್ರತಿಯಲ್ಲಿ ಇದಕ್ಕಿಂತ ಒಳ್ಳೆಯ ವಾಕ್ಯವಿಲ್ಲ. ವಿಚಿತ್ರವೆಂದರೆ ಆ ಮೇಣದ ಸುದ್ದಿ ಮುಂದೆ ಎಲ್ಲೂ ಬರುವುದಿಲ್ಲ.

ಇನ್ನು ಲೆಕ್ಕ. ನಾಲ್ಕನೇ ಪುಟದಲ್ಲಿ ಬಟ್ಟಲು ಮುಳುಗಲು ಒಂದು ಗಂಟೆ ಬೇಕು, ಒಂಬತ್ತನೇ ಪುಟದಲ್ಲಿ ಹತ್ತೇ ನಿಮಿಷ. ಗಳಿಗೆ ಎಂದರೆ 24 ನಿಮಿಷ, ದಿನಕ್ಕೆ 60 ಗಳಿಗೆ. ಮದುವೆ ಮುಹೂರ್ತಕ್ಕೆ ಗಳಿಗೆ ಬಟ್ಟಲು ಇಡುತ್ತಿದ್ದ ನಾಡಿನ ಓದುಗರು ಇದನ್ನು ಹಿಡಿದೇ ಹಿಡಿಯುತ್ತಾರೆ. ಲೆಕ್ಕ ಸರಿಪಡಿಸಿದರೆ ಕಥೆಗೇ ಲಾಭ. ನಿಮ್ಮ ಕಚೇರಿ ಬೆಳಿಗ್ಗೆ 10ರಿಂದ ಸಂಜೆ 5.30ರ ತನಕ. ಅಂದರೆ 450 ನಿಮಿಷ, ಹದಿನೆಂಟೂ ಮುಕ್ಕಾಲು ಗಳಿಗೆ. ಹದಿನೆಂಟು ಬಟ್ಟಲು ಮುಳುಗಿ, ಹತ್ತೊಂಬತ್ತನೆಯದು ಇನ್ನೂ ತೇಲುತ್ತಿರುವಾಗಲೇ ಗಂಟೆ ಬಾರಿಸುತ್ತದೆ. ಉಳಿದದ್ದು ಆರು ನಿಮಿಷ. ಎಲ್ಲರೂ ಮನೆಗೆ ಹೋದ ಮೇಲೆ, 5.36ಕ್ಕೆ ಬಟ್ಟಲು ‘ಗುಳುಕ್’ ಎಂದರೆ ಕಡಿತ ಯಾರ ಆಯುಸ್ಸಿನಿಂದ? ನೀವು ಸಿಡಿಲು ಬಡಿಸಿ ಬಟ್ಟಲಿನ ಯಂತ್ರ ಒಡೆದು ಕಥೆ ಮುಗಿಸಿದ್ದೀರಿ. ಸಿಡಿಲಿಗಿಂತ ಆ ಆರು ನಿಮಿಷ ಭಯಂಕರ.

ಬಟ್ಟಲು ಕೆಡುವುದಕ್ಕೆ ಸಿಡಿಲೇ ಬೇಕಿಲ್ಲ. ಗಡಸು ನೀರಿನ ಸುಣ್ಣ ತೂತಿನ ಅಂಚಿಗೆ ಕಟ್ಟಿದರೆ ನೀರು ನಿಧಾನ ನುಗ್ಗುತ್ತದೆ, ಗಳಿಗೆ ಹಿಗ್ಗುತ್ತದೆ, ಗುಮಾಸ್ತನಿಗೆ ಖುಷಿ. ಆ ಸುಣ್ಣ ತೆಗೆಯಲು ಸೂಜಿ ಆಡಿಸಿ ಆಡಿಸಿ ತೂತು ಅಗಲವಾದರೆ ಗಳಿಗೆ ಕುಗ್ಗುತ್ತದೆ. ಬಿಸಿನೀರು ತಣ್ಣೀರಿಗಿಂತ ಸಲೀಸಾಗಿ ಹರಿಯುತ್ತದೆ, ಹಾಗಾಗಿ ಬಟ್ಟಲು ಬೇಗ ಮುಳುಗುತ್ತದೆ. ನಿಮ್ಮ ಶಾಖೆಯ ಪಕ್ಕದಲ್ಲೇ ಎಣ್ಣೆ ಕೊಪ್ಪರಿಗೆಗಳು ಕುದಿಯುತ್ತಿವೆಯಲ್ಲ! ಆ ಗೋಡೆಗೆ ಹತ್ತಿರ ಕೂತವನ ದಿನ ಬೇರೆಯವರದಕ್ಕಿಂತ ಬಿರುಸು. ಜಾಗ ಬದಲಾಯಿಸಿಕೊಳ್ಳಲು ಅವನು ಎಷ್ಟು ವರ್ಷದಿಂದ ಅರ್ಜಿ ಹಾಕುತ್ತಿದ್ದಾನೆ?

ಬಟ್ಟಲಿನ ತೂತಿಗೆ ಪ್ರಮಾಣ ಬೇಕು, ಪ್ರಮಾಣಕ್ಕೆ ಒಬ್ಬ ಉಸ್ತುವಾರಿ ಬೇಕು. ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಗಡಿಗೆಯ ತೂತಿಗೂ ಅಳತೆಯಿದೆ: ನಾಲ್ಕು ಮಾಷ (ಹಳೆಯ ತೂಕ) ಚಿನ್ನವನ್ನು ನಾಲ್ಕು ಅಂಗುಲ ಉದ್ದಕ್ಕೆ ಎಳೆದಾಗ ಎಷ್ಟು ದಪ್ಪವೋ ಅಷ್ಟು ತೂತು; ಅದರಿಂದ ಒಂದು ಆಢಕ (ಹಳೆಯ ಅಳತೆ) ನೀರು ಸುರಿಯುವ ಹೊತ್ತು ಒಂದು ನಾಲಿಕಾ, ಅಂದರೆ ನಮ್ಮ ಗಳಿಗೆ. ನಿಮ್ಮ ಯಮಲೋಕದಲ್ಲೂ ಅಂಥದೊಂದು ಚಿನ್ನದ ತಂತಿ ಇರಲಿ. ಅದು ಖಜಾನೆಯಲ್ಲಿರಲಿ, ಬೀಗದ ಕೈ ದೀರ್ಘ ರಜೆ ಮೇಲಿರುವ ಅಧೀಕ್ಷಕರ ಬಳಿ ಇರಲಿ.

ನಿಮ್ಮ ಕಚೇರಿಯಲ್ಲಿ ಕಾಗದವೇ ಇಲ್ಲ ಎಂಬುದು ದೊಡ್ಡ ದೂರು. ಬಟ್ಟಲಿಗೆ ದಾಸ್ತಾನು ವಹಿಯಲ್ಲಿ ಸಂಖ್ಯೆ ಎಲ್ಲಿ? ಮುಳುಗಿದ ಹೊತ್ತು ಬರೆಯುವವರು ಯಾರು, ದೃಢೀಕರಿಸುವವರು ಯಾರು? ಕಡತ ಟಪಾಲು ಶಾಖೆಯಿಂದ ವಿಷಯ ನಿರ್ವಾಹಕನಿಗೆ, ಅವನಿಂದ ಮೇಲ್ವಿಚಾರಕರಿಗೆ ಏರುತ್ತದೆ. ಬಟ್ಟಲೂ ಜೊತೆಗೆ ಹೋಗುತ್ತದೆಯೋ, ಕೆಳಗಿನವನ ಮೇಜಿನಲ್ಲೇ ಮುಳುಗುತ್ತಿರುತ್ತದೆಯೋ? ಮೇಲಿನವರು ಟಿಪ್ಪಣಿಯ ಅಂಚಿನಲ್ಲಿ ‘ಚರ್ಚಿಸಿ’ ಎಂದು ಷರಾ ಬರೆದು ಕಡತ ವಾಪಸ್ಸು ಕಳಿಸಿದರೆ ಹೊತ್ತು ಯಾರ ಖಾತೆಗೆ? ಆ ಒಂದು ಪದದ ಮುಂದೆ ನಿಮ್ಮ ಮಾಯಾಯಂತ್ರ ಏನೂ ಅಲ್ಲ.

ಗಡುವಿನ ಯಂತ್ರ ನಮಗೆ ಹೊಸದೂ ಅಲ್ಲ. ಕರ್ನಾಟಕದ 2011ರ ಸಕಾಲ ಕಾಯ್ದೆಯಲ್ಲಿ ಸರ್ಕಾರಿ ಸೇವೆ ತಡವಾದರೆ ಅರ್ಜಿದಾರನಿಗೆ ದಿನಕ್ಕೆ 20 ರೂಪಾಯಿ, ಗರಿಷ್ಠ 500 ರೂಪಾಯಿ ಪರಿಹಾರವಿದೆ. ಇಂಥ ವ್ಯವಸ್ಥೆಯಲ್ಲಿ ಗಡಿಯಾರ ಓಡುವುದು ಅರ್ಜಿಗೆ ಸ್ವೀಕೃತಿ ಕೊಟ್ಟ ಮೇಲೆ. ಹಾಗಾಗಿ ಕೈಚಳಕವೆಲ್ಲ ಸ್ವೀಕೃತಿಗೆ ಮುಂಚೆ: ‘ಒಂದು ದಾಖಲೆ ಕಮ್ಮಿ ಇದೆ, ನಾಳೆ ತನ್ನಿ.’ ನಿಮ್ಮ ಗುಮಾಸ್ತ ಬಟ್ಟಲನ್ನು ನೀರಿಗೆ ಬಿಟ್ಟ ಮೇಲೆ ಒದ್ದಾಡುತ್ತಾನೆ. ಪಳಗಿದವನು ಬಟ್ಟಲನ್ನು ಒದ್ದೆಯೇ ಮಾಡುವುದಿಲ್ಲ. ಮೇಣ ಮೆತ್ತುವುದು ಹೊಸಬನ ಉಪಾಯ, ಅದಕ್ಕೇ ಅವನು ಸಿಕ್ಕಿಬೀಳುತ್ತಾನೆ. ಈ ಇಬ್ಬರನ್ನೂ ಅಕ್ಕಪಕ್ಕದ ಮೇಜಿನಲ್ಲಿ ಕೂರಿಸಿ ನೋಡಿ.

ಚಿತ್ರಗುಪ್ತರ ಭಾಷಣ ಪೂರ್ತಿ ಬೇಡ. ಅವರು ಒಂದೇ ಒಂದು ಸಲ ಬಾಯಿ ಬಿಟ್ಟರೆ ಸಾಕು, ಅದೂ ವಹಿ ಕೇಳುವುದಕ್ಕೆ.

4,000 ಪದ 2,500ಕ್ಕೆ ಇಳಿಯಲಿ. ಮುಂದಿನ ಪ್ರತಿಯನ್ನು ಯೂನಿಕೋಡ್‌ನಲ್ಲಿ ಕಳಿಸಿ. ಈ ಸಲ ಫಾಂಟ್ ಬದಲಿಸುವಾಗ ಒತ್ತಕ್ಷರಗಳು ಚೆದುರಿ, ಏಳನೇ ಪುಟದಲ್ಲಿ ಯಮಧರ್ಮನ ಹೆಸರೇ ಓದಲಾಗುತ್ತಿಲ್ಲ.

ಇಂತಿ,
ಸಂಪಾದಕ