ಬೀಳಿಸುವ ಆಟವನ್ನೇ ಮತ್ತೆ ಮತ್ತೆ ಆಡುವುದೇಕೆ?

ಗಂಟೆಗಟ್ಟಲೆ ಹತ್ತಿದ್ದನ್ನು ಒಂದೇ ತಪ್ಪಿಗೆ ಕಳೆದುಕೊಳ್ಳುವ ‘ಗೆಟ್ಟಿಂಗ್ ಓವರ್ ಇಟ್’ ಎಂಬ ಕಂಪ್ಯೂಟರ್ ಆಟವನ್ನು ಜನ ಬಿಡದಿರುವುದು ಬರೀ ಹಟದಿಂದಲೇ? ಎಂದು ನೀವು ಕೇಳಿದ್ದೀರಿ. ಹಟವೂ ಇದೆ, ಆದರೆ ನನ್ನ ಅಭಿಪ್ರಾಯದಲ್ಲಿ ಅದು ಮುಖ್ಯ ಕಾರಣವಲ್ಲ.

ಆಟಗಳ ವಿನ್ಯಾಸಕ ಬೆನೆಟ್ ಫಾಡಿ 2017ರಲ್ಲಿ ಹೊರತಂದ ಈ ಆಟದಲ್ಲಿ ಕೊಪ್ಪರಿಗೆಯೊಳಗೆ ಕುಳಿತ ಮನುಷ್ಯ ಸುತ್ತಿಗೆಯನ್ನು ಊರಿಕೊಂಡು ಬೆಟ್ಟ ಹತ್ತಬೇಕು. ಸುತ್ತಿಗೆ ನಿಮ್ಮ ಮೌಸ್‌ನ ಚಲನೆಯನ್ನೇ ಅನುಸರಿಸುತ್ತದೆ. ಎದುರಾಳಿಗಳಿಲ್ಲ, ಬಂಡೆಗಳು ಜಾಗ ಬದಲಿಸುವುದೂ ಇಲ್ಲ, ಹೀಗಾಗಿ ಬಿದ್ದಾಗ ದೂರಲು ಉಳಿಯುವುದು ನಮ್ಮ ಕೈಯೊಂದೇ. ಬಿದ್ದವರಿಗೆ ನಿರೂಪಕನಾಗಿ ಫಾಡಿಯೇ ಸಾಂತ್ವನ ಹೇಳುವುದು ಗಾಯಕ್ಕೆ ಉಪ್ಪು ಸವರಿದಂತಿರುತ್ತದೆ ಎಂಬುದು ಬೇರೆ ಮಾತು.

ಸಾಮಾನ್ಯ ಆಟಗಳಲ್ಲಿ ಬೆಳೆಯುವುದು ಪಾತ್ರದ ಶಕ್ತಿ ಮತ್ತು ಆಯುಧ. ಇಲ್ಲಿ ಪಾತ್ರ ಕೊನೆಯವರೆಗೂ ಮೊದಲಿನಂತೆಯೇ ಇರುತ್ತದೆ, ಬೆಳೆಯುವುದು ಆಡುವವರ ಕೈಯ ಹದ. ಮೊದಲ ಸಲ ಒಂದು ಗಂಟೆ ಹಿಡಿದ ಇಳಿಜಾರನ್ನು ಬಿದ್ದ ನಂತರ ಕೆಲವೇ ನಿಮಿಷಗಳಲ್ಲಿ ದಾಟಿದಾಗ, ಕಳೆದದ್ದು ಎತ್ತರ ಮಾತ್ರ, ಕಲಿತದ್ದು ಉಳಿದಿದೆ ಎಂದು ತಿಳಿಯುತ್ತದೆ. ಫಾಡಿಯವರದೇ 2008ರ ‘ಕ್ವಾಪ್’ ಆಟದಲ್ಲಿ ಓಟಗಾರನ ತೊಡೆಗಳನ್ನು ಆಡಿಸಲು ಕೀಲಿಮಣೆಯ ಎರಡು ಕೀಲಿ, ಮೀನಖಂಡಗಳಿಗೆ ಇನ್ನೆರಡು ಕೀಲಿ. ನಾವು ಯೋಚಿಸದೆ ಇಡುವ ಹೆಜ್ಜೆಯನ್ನು ಅಲ್ಲಿ ಬಿಡಿಬಿಡಿಯಾಗಿ ಮತ್ತೆ ಕಲಿಯಬೇಕಾಗುತ್ತದೆ, ಆ ಮುಗ್ಗರಿಕೆ ನಗುವನ್ನೂ ತರಿಸುತ್ತದೆ.

ಆದರೆ ಒಂದೇ ಚಲನೆಗೆ ಒಮ್ಮೆ ಒಂದು, ಇನ್ನೊಮ್ಮೆ ಇನ್ನೊಂದು ಫಲ ಕೊಡುವ ಆಟವನ್ನು ನಾನು ಕಷ್ಟದ ಆಟವೆನ್ನುವುದಿಲ್ಲ, ಕೆಟ್ಟ ಆಟವೆನ್ನುತ್ತೇನೆ. ಅಂಥದ್ದನ್ನು ನೀವು ಅರ್ಧಕ್ಕೇ ಬಿಟ್ಟಿದ್ದರೆ ತಪ್ಪು ನಿಮ್ಮದಲ್ಲ.