ನರಭಕ್ಷಣೆಯ ಕಥೆಯಿರುವ ಬ್ರೆಜಿಲಿನ ಚಿತ್ರವೊಂದನ್ನು ರಾಜಕೀಯ ಚಿತ್ರ ಎನ್ನುವುದೇಕೆ?

ಅಲ್ಲಿ ತಿನ್ನುವುದೇ ರಾಜಕೀಯ. ನೆಲ್ಸನ್ ಪೆರೇರಾ ದೋಸ್ ಸಾಂತೋಸ್ ನಿರ್ದೇಶಿಸಿದ ‘ನನ್ನ ಪುಟ್ಟ ಫ್ರೆಂಚನು ಎಷ್ಟು ರುಚಿಯಾಗಿದ್ದ’ (1971) ವಸಾಹತುಶಾಹಿಯನ್ನು ತಲೆಕೆಳಗು ಮಾಡುತ್ತದೆ: ನಾಡನ್ನು ನುಂಗಲು ಬಂದವನೇ ಇಲ್ಲಿ ತುತ್ತಾಗುತ್ತಾನೆ.

ಕಥೆ 16ನೇ ಶತಮಾನದ್ದು. ಬ್ರೆಜಿಲಿನ ಮೂಲನಿವಾಸಿಗಳಾದ ತುಪಿನಂಬಾ ಜನರು ಫ್ರೆಂಚನೊಬ್ಬನನ್ನು ತಮ್ಮ ಶತ್ರುವಾದ ಪೋರ್ಚುಗೀಸನೆಂದು ಬಗೆದು ಸೆರೆಹಿಡಿಯುತ್ತಾರೆ. ಹೆಂಡತಿಯನ್ನೂ ಕೊಟ್ಟು ತಮ್ಮವನಂತೆ ಇರಿಸಿಕೊಂಡು, ಕೊನೆಗೆ ವಿಧಿವತ್ತಾಗಿ ಕೊಂದು ತಿನ್ನುತ್ತಾರೆ. ಇದು ಹೊಟ್ಟೆಯ ಹಸಿವಲ್ಲ. ಸೇಡು ತೀರಿಸಿಕೊಂಡು ವೈರಿಯ ಬಲವನ್ನು ತಮ್ಮದಾಗಿಸಿಕೊಳ್ಳುವ ಆಚರಣೆ. ಬ್ರೆಜಿಲಿನ ಕವಿ ಓಸ್ವಾಲ್ದ್ ದಿ ಆಂದ್ರಾದೆ 1928ರಲ್ಲೇ ಇದನ್ನು ರೂಪಕವಾಗಿಸಿದ್ದರು. ಯುರೋಪನ್ನು ನಕಲು ಮಾಡಬೇಡಿ, ತಿಂದು ಅರಗಿಸಿಕೊಳ್ಳಿ ಎಂಬುದು ಅವರ ಪ್ರಣಾಳಿಕೆಯ ತಿರುಳು. 1964ರಿಂದ ಆಳುತ್ತಿದ್ದ ಸೇನಾ ಸರ್ಕಾರವು ವಿದೇಶಿ ಬಂಡವಾಳವನ್ನು ಕೈಬೀಸಿ ಕರೆಯುತ್ತಿದ್ದಾಗ ಆ ರೂಪಕ ತೆರೆಗೆ ಬಂದಿತು. ಆಳುವವರನ್ನು ನೇರವಾಗಿ ಟೀಕಿಸಲಾಗದ ಕಾಲದಲ್ಲಿ ಇತಿಹಾಸವೇ ಒಳ್ಳೆಯ ಮುಸುಕು.

ಗದ್ದಲವೆದ್ದದ್ದು ಮಾತ್ರ ಬೆತ್ತಲೆಯ ಬಗ್ಗೆ. ಸೆನ್ಸಾರ್ ಮೊದಲು ಅದೇ ನೆಪದಲ್ಲಿ ಚಿತ್ರವನ್ನು ತಡೆಯಿತು. ನನ್ನನ್ನು ಕೇಳಿದರೆ, ನಿಜಕ್ಕೂ ಬೆಚ್ಚಿಬೀಳಿಸುವುದು ಚಿತ್ರದ ಕೊನೆಗೆ ತೆರೆಯ ಮೇಲೆ ಮೂಡುವ ಬರಹ. ಪೋರ್ಚುಗೀಸ್ ಗವರ್ನರ್ ಮೆಂ ದಿ ಸಾ ತನ್ನ ಸೇನೆ ಕೊಂದ ತುಪಿನಿಕಿಂ ಎಂಬ ಇನ್ನೊಂದು ಮೂಲನಿವಾಸಿ ಜನರ ಹೆಣಗಳು ಕಡಲತೀರದ ಉದ್ದಕ್ಕೂ ಸಾಲಾಗಿ ಬಿದ್ದಿದ್ದವೆಂದು ಅದರಲ್ಲಿ ವರದಿ ಮಾಡುತ್ತಾನೆ. ಚಿತ್ರದಲ್ಲಿ ಅದೇ ತುಪಿನಿಕಿಂ ಜನರು ಪೋರ್ಚುಗೀಸರ ಮಿತ್ರರು.